ಓದುಗರ ಪ್ರಶ್ನೆ: ‘ಆ್ಯಕ್ಷನ್’ ಅನ್ನುವುದಕ್ಕೆ ಮುಂಚೆ

ಸಿನಿಮಾ, ಧಾರಾವಾಹಿ ನಿರ್ದೇಶನವನ್ನೇ ಹೊಟ್ಟೆಪಾಡು ಮಾಡಿಕೊಳ್ಳಬೇಕು ಅನ್ನುವವರಿಂದ, ಅವರ ಮನೆಯವರಿಂದ ಬಂದ ಪತ್ರಗಳಿಗೆ ಈ ಸಲದ ಪುಟ ಮೀಸಲು. ಒಂದೇ ಥರದ ಪ್ರಶ್ನೆಗಳನ್ನು ಒಟ್ಟು ಸೇರಿಸಿದ್ದೇವೆ. ‘ಇಂಥ ಹೀರೊ ನಂಬರ್ ಕೊಡಿ’ ಎಂದು ಬರೆದವರು ಕ್ಷಮಿಸಬೇಕು.

ಮಗ ಪಿಯುಸಿ ಮುಗಿಸಿದ್ದಾನೆ. ಡೈರೆಕ್ಟರ್ ಆಗುತ್ತೇನೆ, ಡಿಗ್ರಿ ಬೇಡ, ಯಾರ ಹತ್ತಿರವಾದರೂ ಅಸಿಸ್ಟೆಂಟ್ ಆಗಿ ಸೇರಿಸು ಅಂತ ಹಟ ಹಿಡಿದಿದ್ದಾನೆ. ಏನು ಮಾಡಲಿ?
*– ತಾಯಿ, ತಿಪಟೂರು*

ಡಿಗ್ರಿ ಮುಗಿಸಲಿ. ಯಾವ ವಿಷಯದ್ದಾದರೂ ಸರಿ. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ (1960ರಲ್ಲಿ ಶುರುವಾದದ್ದು), ಕೋಲ್ಕತ್ತದ ಸತ್ಯಜಿತ್ ರೇ ಸಂಸ್ಥೆ (1995) ಎರಡಕ್ಕೂ ನಿರ್ದೇಶನದ ಕೋರ್ಸಿಗೆ ಪದವಿ ಬೇಕೇ ಬೇಕು. ಆಮೇಲೆ ಪ್ರವೇಶ ಪರೀಕ್ಷೆ. ಪುಣೆಯಲ್ಲಿ ಸಿನಿಮಾ ನಿರ್ದೇಶನ ಮೂರು ವರ್ಷದ್ದು, ಟಿವಿ ನಿರ್ದೇಶನ ಒಂದು ವರ್ಷದ್ದು. ಗಿರೀಶ ಕಾಸರವಳ್ಳಿ ಫಾರ್ಮಸಿ ಓದಿ ಪುಣೆಗೆ ಹೋದವರು. ಅಲ್ಲಿಂದ ಹೊರಬಿದ್ದ ಎರಡೇ ವರ್ಷಕ್ಕೆ, 1977ರಲ್ಲಿ, ‘ಘಟಶ್ರಾದ್ಧ’ ಮಾಡಿ ಸ್ವರ್ಣಕಮಲ ತಂದರು. ನಮ್ಮ ಹೆಸರಘಟ್ಟದ ಸರ್ಕಾರಿ ಸಂಸ್ಥೆಯ ಬಗ್ಗೆಯೂ ಹಲವರು ಕೇಳಿದ್ದಾರೆ. ಹಿಂದೆ ಬೆಂಗಳೂರಿನ ಎಸ್‌.ಜೆ. ಪಾಲಿಟೆಕ್ನಿಕ್‌ನಲ್ಲಿದ್ದ ವಿಭಾಗವೇ ಅದು, ವಿ.ಕೆ. ಮೂರ್ತಿ, ಗೋವಿಂದ ನಿಹಲಾನಿ ಕ್ಯಾಮೆರಾ ಕಲಿತದ್ದು ಅಲ್ಲೇ. ಅದರ ಹೆಸರಿರುವುದು ಛಾಯಾಗ್ರಹಣ, ಧ್ವನಿಗ್ರಹಣಕ್ಕೆ. ನಿರ್ದೇಶನಕ್ಕೆ ಅಂತ ಅಲ್ಲಿಗೆ ಸೇರಬೇಡಿ.

ಮಗ ಹೇಳುವ ದಾರಿಯೂ ಸುಳ್ಳಲ್ಲ. ಪುಟ್ಟಣ್ಣ ಕಣಗಾಲ್ ಯಾವ ಇನ್‌ಸ್ಟಿಟ್ಯೂಟಿಗೂ ಹೋದವರಲ್ಲ, ಬಿ.ಆರ್. ಪಂತುಲು ಅವರ ಬಳಿ ಸಹಾಯಕರಾಗಿ ಪಳಗಿದವರು. ಸೆಟ್‌ನಲ್ಲಿ ಮಾರ್ಕ್ಸ್ ಕಾರ್ಡ್ ಕೇಳುವವರಿಲ್ಲ. ಆದರೆ ಮೊದಲ ಒಂದು ವರ್ಷ ಕೈಗೆ ಬರುವುದು ಬಾಟಾ (ದಿನದ ಭತ್ಯೆ), ಊಟ, ಅಷ್ಟೇ. ಕೆಲವು ಕಡೆ ಬಾಟಾ ಕೂಡ ಬಾಕಿ. ಹುಡುಗರು ವಾಪಸ್ ಊರಿಗೆ ಹೋಗುವುದು ಪ್ರತಿಭೆ ಸಾಲದೆ ಅಲ್ಲ, ರೂಮ್ ಬಾಡಿಗೆ ಸಾಲದೆ. ಕಳಿಸುವುದೇ ಆದರೆ ಆರು ತಿಂಗಳ ಬಾಡಿಗೆ, ಊಟದ ದುಡ್ಡನ್ನು ಬೇರೆ ತೆಗೆದಿಟ್ಟು ಕಳಿಸಿ. ಮತ್ತೆ, ಎಡಿಟಿಂಗ್ ಕಲಿತು ಬರಲಿ. ಎಡಿಟಿಂಗ್ ಬರುವ ಅಸಿಸ್ಟೆಂಟ್ ಶೂಟಿಂಗ್ ಇಲ್ಲದ ದಿನವೂ ನಾಲ್ಕು ಕಾಸು ಕಾಣುತ್ತಾನೆ.

ಮುಂದಿನ ವಾರ ಒಂದು ಧಾರಾವಾಹಿಗೆ ಸಹಾಯಕ ನಿರ್ದೇಶಕಿಯಾಗಿ ಸೇರುತ್ತಿದ್ದೇನೆ. ಏನು ತಿಳಿದಿರಬೇಕು?
*– ಓದುಗರು, ಹಾಸನ*

ಮೂರು ಕೆಲಸ ನಿಮ್ಮ ತಲೆಗೆ ಬೀಳುತ್ತವೆ: ಕ್ಲಾಪ್ (ಶಾಟಿನ ಗುರುತು ಬರೆದ ಬೋರ್ಡು ಹೊಡೆಯುವುದು), ಪ್ರಾಂಪ್ಟಿಂಗ್ (ಮಾತು ಹೇಳಿಕೊಡುವುದು), ಕಂಟಿನ್ಯುಟಿ (ಒಂದು ಶಾಟಿನಲ್ಲಿದ್ದದ್ದು ಮುಂದಿನದರಲ್ಲೂ ಹಾಗೇ ಇರುವಂತೆ ನೋಡಿಕೊಳ್ಳುವುದು).

ಕ್ಲಾಪ್ ಸುಲಭ ಅನ್ನಿಸುತ್ತದೆ, ತಪ್ಪಾದರೆ ಎಡಿಟರ್‌ಗೆ ಅರ್ಧ ದಿನ ಹಾಳು. ಸೀನ್, ಶಾಟ್, ಟೇಕ್ ನಂಬರ್ ಬರೆದು, ಎರಡು ಕ್ಯಾಮೆರಾ ಇದ್ದರೆ ಎರಡಕ್ಕೂ ಕಾಣುವ ಜಾಗದಲ್ಲಿ ಹಿಡಿದು, ಒಂದೇ ಸಲ ಹೊಡೆಯಿರಿ. ಶುರುವಿನಲ್ಲಿ ಮರೆತರೆ ಕೊನೆಯಲ್ಲಿ ಬೋರ್ಡನ್ನು ತಲೆಕೆಳಗು ಹಿಡಿದು ಹೊಡೆಯುವುದು ರೂಢಿ. ತಲೆಕೆಳಗಾದ ಬೋರ್ಡ್ ಕಂಡರೆ ಅದು ಹಿಂದಿನ ಶಾಟಿನದು ಅಂತ ಎಡಿಟರ್‌ಗೆ ಗೊತ್ತಾಗುತ್ತದೆ.

ಕಲಾವಿದರ ಕೈಗೆ ಸೀನ್ ಪೇಪರ್ ಸಿಗುವುದು ಎಷ್ಟೋ ಸಲ ಮೇಕಪ್ ಕುರ್ಚಿಯಲ್ಲಿ ಕೂತಾಗ. ಹಾಗಾಗಿ ಮಾತನ್ನು ಪಕ್ಕದಿಂದ ಹೇಳಿಕೊಡಬೇಕು. ನಿಲ್ಲುವ ಜಾಗ ಮುಖ್ಯ: ಆ ಪಾತ್ರ ಯಾರನ್ನು ನೋಡಿ ಮಾತಾಡುತ್ತಿದೆಯೋ ಅವರ ಭುಜದ ಹಿಂದೆಯೇ ನಿಲ್ಲಿ. ಬೇರೆ ಕಡೆ ನಿಂತರೆ ಪ್ರತಿ ವಾಕ್ಯಕ್ಕೂ ಕಲಾವಿದರ ಕಣ್ಣು ನಿಮ್ಮತ್ತ ಓಡುತ್ತದೆ, ಕ್ಲೋಸಪ್‌ನಲ್ಲಿ ಅದು ಎದ್ದು ಕಾಣುತ್ತದೆ. ಇನ್ನೊಬ್ಬರ ಮಾತಿನ ಮೇಲೆ ನಿಮ್ಮ ದನಿ ಬೀಳದಿರಲಿ. ಸ್ಥಳದಲ್ಲೇ ಧ್ವನಿ ಮುದ್ರಿಸುತ್ತಿದ್ದರೆ ಆ ಟೇಕ್ ಹೋದಂತೆಯೇ.

ಇನ್ನು ಕಂಟಿನ್ಯುಟಿ. ಅತಿ ಹೆಚ್ಚು ಬೈಸಿಕೊಳ್ಳುವುದು ಇಲ್ಲೇ. ಪ್ರತಿ ಸೀನ್ ಮುಗಿದ ಕೂಡಲೇ, ಕಲಾವಿದರು ಕದಲುವ ಮುಂಚೆ, ಕ್ಯಾಮೆರಾ ಇದ್ದ ಕಡೆಯಿಂದಲೇ ಫೋನಿನಲ್ಲಿ ಫೋಟೊ ತೆಗೆಯಿರಿ. ಸೆರಗು ಪಿನ್ ಮಾಡಿದ್ದೋ ಇಳಿಬಿಟ್ಟದ್ದೋ, ತಾಳಿ ಒಳಗೋ ಹೊರಗೋ, ಹೂವು ಎಷ್ಟು ಮೊಳ, ವಾಚ್ ಯಾವ ಕೈಗೆ, ಲೋಟದಲ್ಲಿ ಕಾಫಿ ಎಷ್ಟಿತ್ತು, ಎಲ್ಲವನ್ನೂ ಬರೆದಿಡಿ. ಫೋಟೊಗೆ ಸಿಗದ್ದು ಒಂದಿದೆ: ಯಾವ ಮಾತಿಗೆ ಕೈ ಎತ್ತಿದರು ಅನ್ನುವುದು. ‘ನೀನೇ ಹೇಳಿದ್ದು’ ಅನ್ನುವಾಗ ಬೆರಳು ತೋರಿಸಿದ್ದರೆ, ಸೀನ್ ಪೇಪರಿನಲ್ಲಿ ‘ನೀನೇ’ ಪದದ ಕೆಳಗೆ ಗೆರೆ ಎಳೆಯಿರಿ. ಕ್ಲೋಸಪ್‌ನಲ್ಲಿ ಅದೇ ಪದಕ್ಕೆ ಬೆರಳು ಬರದಿದ್ದರೆ ಎರಡೂ ಶಾಟ್ ಕೂಡುವುದಿಲ್ಲ.

ಸೀನ್ ನಂಬರಿನ ಜೊತೆಗೆ ‘ಕಥೆಯ ದಿನ’ವನ್ನೂ, ಅಂದರೆ ಕಥೆಯೊಳಗೆ ಅದು ಯಾವ ದಿನ ಅನ್ನುವುದನ್ನೂ ಬರೆಯಿರಿ. ಜಗಲಿಯ ಸೀನ್ ಈವತ್ತು ಒಂದು ಮನೆಯಲ್ಲಿ, ಅಲ್ಲಿಂದ ಒಳಗೆ ಬರುವ ಹಾಲ್ ಸೀನ್ ಮೂರು ವಾರ ಬಿಟ್ಟು ಇನ್ನೊಂದು ಮನೆಯಲ್ಲಿ ಆಗಬಹುದು. ಕಥೆಯಲ್ಲಿ ಅದು ಎರಡು ಸೆಕೆಂಡಿನ ಅಂತರ. ಹೊರಗೆ ನೀಲಿ ಸೀರೆಯಲ್ಲಿದ್ದ ಅತ್ತೆ ಹೊಸ್ತಿಲು ದಾಟುವಷ್ಟರಲ್ಲಿ ಹಸಿರು ಸೀರೆಯಲ್ಲಿದ್ದರೆ, ಸಂಬಂಧ ಹಚ್ಚಿ ನೋಡುವ ವೀಕ್ಷಕರು ಬಿಡುತ್ತಾರೆಯೇ?

ಟೈಟಲ್‌ನಲ್ಲಿ ‘ಪ್ರಧಾನ ನಿರ್ದೇಶಕ’, ‘ಸಂಚಿಕೆ ನಿರ್ದೇಶಕ’ ಅಂತ ಇಬ್ಬರ ಹೆಸರು ಬರುತ್ತದೆ. ನಿಜವಾಗಿ ನಿರ್ದೇಶನ ಮಾಡುವುದು ಯಾರು? ಸಿನಿಮಾಗೂ ಇದಕ್ಕೂ ಏನು ವ್ಯತ್ಯಾಸ?
*– ಓದುಗರು, ಹುಬ್ಬಳ್ಳಿ*

ಕಥೆಯ ಓಟ, ಪಾತ್ರಗಳ ಸ್ವಭಾವ, ದೃಶ್ಯಗಳ ಧಾಟಿ ಪ್ರಧಾನ ನಿರ್ದೇಶಕರದು. ಚಾನೆಲ್‌ನವರೊಂದಿಗೆ ಕೂತು ಮುಂದಿನ ‘ಟ್ರ್ಯಾಕ್’ ತೀರ್ಮಾನಿಸುವುದೂ ಅವರೇ. ದಿನಾ ಸೆಟ್‌ನಲ್ಲಿ ನಿಂತು ಸೀನ್ ತೆಗೆಯುವವರು ಸಂಚಿಕೆ ನಿರ್ದೇಶಕರು. ಒಬ್ಬರಿಂದಲೇ ಯಾಕೆ ಆಗುವುದಿಲ್ಲ ಅನ್ನುವುದಕ್ಕೆ ಲೆಕ್ಕ ನೋಡಿ.

ಅರ್ಧ ಗಂಟೆಯ ಧಾರಾವಾಹಿಯಲ್ಲಿ ಜಾಹೀರಾತು ಕಳೆದು ಉಳಿಯುವುದು ಸುಮಾರು 22 ನಿಮಿಷ. ವಾರಕ್ಕೆ ಆರು ಸಂಚಿಕೆಯಾದರೆ 132 ನಿಮಿಷ, ಅಂದರೆ ವಾರಕ್ಕೊಂದು ಸಿನಿಮಾ. 140 ನಿಮಿಷದ ಸಿನಿಮಾ 50 ದಿನದಲ್ಲಿ ಮುಗಿದರೆ ದಿನಕ್ಕೆ ಮೂರು ನಿಮಿಷವೂ ಬೀಳುವುದಿಲ್ಲ. ಧಾರಾವಾಹಿಯಲ್ಲಿ ದಿನಕ್ಕೆ ಒಂದು ಸಂಚಿಕೆ ಎತ್ತಬೇಕು. ಬೆಳಿಗ್ಗೆ 9ರಿಂದ ರಾತ್ರಿ 9, ಅದರಲ್ಲಿ ತಿಂಡಿ, ಊಟ, ಮೇಕಪ್ಪು ಕಳೆದರೆ ಹತ್ತು ಗಂಟೆ. ಆರು ಸೀನ್ ಇದ್ದರೆ ಒಂದಕ್ಕೆ ನೂರು ನಿಮಿಷ.

ಈ ನೂರು ನಿಮಿಷದಲ್ಲಿ ನಿರ್ದೇಶಕ ಗೆಲ್ಲುವುದು, ಸೋಲುವುದು ಲೈಟು ತಿರುಗಿಸುವ ವಿಷಯದಲ್ಲಿ. ಹಾಲ್‌ನಲ್ಲಿ ಎಂಟು ಜನ. ಸೋಫಾ ಕಡೆ ನಾಲ್ವರು, ಮೆಟ್ಟಿಲ ಕಡೆ ನಾಲ್ವರು ಅಂತಿಟ್ಟುಕೊಳ್ಳಿ. ಮೊದಲು ಇಡೀ ಸೀನನ್ನು ಅಗಲದ ಮಾಸ್ಟರ್ ಶಾಟ್‌ನಲ್ಲಿ ತೆಗೆದುಬಿಡಿ. ಆಮೇಲೆ ಸೋಫಾ ಕಡೆಯ ಅಷ್ಟೂ ಶಾಟ್ ಮುಗಿಸಿ: ಮಿಡ್ (ಸೊಂಟದಿಂದ ಮೇಲೆ), ಓವರ್ ಶೋಲ್ಡರ್ (ಎದುರಿನವರ ಭುಜದ ಹಿಂದಿನಿಂದ), ಕ್ಲೋಸ್ (ಮುಖ), ಮಾತಿಲ್ಲದವರ ರಿಯಾಕ್ಷನ್. ಮುಗಿದ ಮೇಲಷ್ಟೇ ಕ್ಯಾಮೆರಾ, ಲೈಟು ಎರಡೂ ಮೆಟ್ಟಿಲ ಕಡೆಗೆ. ಹೊಸಬರು ಮಾತಿನ ಸರದಿಯಲ್ಲೇ ಹೋಗುತ್ತಾರೆ: ಅತ್ತೆಯ ಮಾತು ಇತ್ತ, ಸೊಸೆಯ ಉತ್ತರ ಅತ್ತ, ಮತ್ತೆ ಅತ್ತೆ. ಒಂದೊಂದು ತಿರುವಿಗೂ ಲೈಟ್ ಹುಡುಗರು ಸ್ಟ್ಯಾಂಡು, ಥರ್ಮಾಕೋಲು, ಕಟ್ಟರು ಎತ್ತಿಕೊಂಡು ಓಡಬೇಕು. ಅರ್ಧ ಗಂಟೆ ಖತಂ. ಮೂರು ಸಲ ತಿರುಗಿಸಿದರೆ ಸೀನಿನ ಪಾಲಿನ ಹೊತ್ತು ಮುಗಿದಿರುತ್ತದೆ, ಶಾಟ್ ಮಾತ್ರ ಅರ್ಧವೂ ಆಗಿರುವುದಿಲ್ಲ. ಹಾಗೆಂದೇ ಸೀನ್ ಪೇಪರ್ ಕೈಗೆ ಬಂದ ಕೂಡಲೇ ಮಾತುಗಳ ಪಕ್ಕ ‘ಸೋಫಾ’, ‘ಮೆಟ್ಟಿಲು’ ಅಂತ ಗುರುತು ಹಾಕಿಕೊಳ್ಳಬೇಕು.

ಮಾತಿಲ್ಲದವರ ರಿಯಾಕ್ಷನ್ನನ್ನು ಕೊನೆಗೆ ತಳ್ಳಬೇಡಿ. ಹೊತ್ತಾದಾಗ ಮೊದಲು ಬಿಟ್ಟುಹೋಗುವುದು ಅದೇ. ಎಡಿಟ್ ಟೇಬಲ್‌ನಲ್ಲಿ ಎರಡು ಟೇಕ್ ಹೊಲಿಯಲು ಬೇಕಾಗುವುದೂ ಅದೇ. ಎಂಟು ಜನರ ಮುಖ ಒಂದಾದ ಮೇಲೊಂದು ಬರುತ್ತದೆ ಅಂತ ನಾವೆಲ್ಲ ನಗುತ್ತೇವಲ್ಲ, ಅದರಲ್ಲಿ ಒಂದಿಷ್ಟು ನಾಟಕೀಯತೆಗೆ, ಒಂದಿಷ್ಟು ಹೊಲಿಗೆಗೆ, ಮಿಕ್ಕಿದ್ದು 22 ನಿಮಿಷ ತುಂಬುವುದಕ್ಕೆ.

ಸಿನಿಮಾದಲ್ಲಿ ಕಥೆ ಮುಗಿದ ಮೇಲೆ ಶೂಟಿಂಗ್. ಧಾರಾವಾಹಿಯಲ್ಲಿ ಶೂಟಿಂಗ್ ನಡೆಯುತ್ತಿರುವಾಗಲೇ ಕಥೆ ಬದಲಾಗುತ್ತದೆ. ಎಷ್ಟು ಜನ ನೋಡಿದರು ಅಂತ ಅಳೆಯುವ ಬಾರ್ಕ್ ಸಂಸ್ಥೆಯ ರೇಟಿಂಗ್ ಗುರುವಾರ ಬರುತ್ತದೆ. ಇಳಿದಿದ್ದರೆ ಶುಕ್ರವಾರವೇ ಚಾನೆಲ್‌ನಿಂದ ಕರೆ. ಆ ಹೊತ್ತಿಗೆ ಕೈಯಲ್ಲಿ ಎಷ್ಟು ಸಂಚಿಕೆ ‘ಬ್ಯಾಂಕ್’ (ಶೂಟ್ ಆಗಿ ಪ್ರಸಾರಕ್ಕೆ ಕಾದಿರುವ ದಾಸ್ತಾನು) ಇದೆ ಅನ್ನುವುದರ ಮೇಲೆ ನಿರ್ದೇಶಕನ ನಿದ್ದೆ ನಿಂತಿದೆ. ಹತ್ತು ಸಂಚಿಕೆ ಇದ್ದರೆ ಯೋಚಿಸಿ ಬದಲಿಸಬಹುದು. ಎರಡೇ ಇದ್ದರೆ ಬೆಳಿಗ್ಗೆ ಬರೆದದ್ದು ಮಧ್ಯಾಹ್ನ ಶೂಟ್, ರಾತ್ರಿ ಎಡಿಟ್.

ಗೆಳೆಯರು ಸೇರಿ ಮೊಬೈಲಿನಲ್ಲಿ ಕಿರುಚಿತ್ರ ಮಾಡಿದೆವು. ಎದುರು ಬದುರು ಕೂತು ಮಾತಾಡುವ ಇಬ್ಬರು ಒಂದೇ ಕಡೆ ನೋಡಿದಂತೆ ಕಾಣುತ್ತಾರೆ. ರೂಮಿನ ದೃಶ್ಯಗಳಲ್ಲಿ ಚಿತ್ರ ಮಿಣಮಿಣ ಅನ್ನುತ್ತದೆ. ಯಾಕೆ?
*– ಕಾಲೇಜು ವಿದ್ಯಾರ್ಥಿಗಳು, ಸಾಗರ*

ಎರಡೂ ಬೇರೆ ಬೇರೆ ತಪ್ಪು. ಇಬ್ಬರ ಮೂಗಿನಿಂದ ಮೂಗಿಗೆ ಒಂದು ದಾರ ಎಳೆದಿದೆ ಅಂದುಕೊಳ್ಳಿ. ಕ್ಯಾಮೆರಾ ದಾರದ ಒಂದೇ ಬದಿಯಲ್ಲಿರಬೇಕು. ಆಗ ಒಬ್ಬ ಬಲಕ್ಕೆ, ಇನ್ನೊಬ್ಬ ಎಡಕ್ಕೆ ನೋಡುತ್ತಾನೆ. ನೀವು ಎರಡನೆಯವನ ಕ್ಲೋಸಪ್ಪಿಗೆ ದಾರ ದಾಟಿ ಆಚೆ ಹೋಗಿದ್ದೀರಿ. ಮತ್ತೆ ಶೂಟ್ ಮಾಡಲು ಆಗದಿದ್ದರೆ, ಆ ಶಾಟನ್ನು ಎಡಿಟಿಂಗ್‌ನಲ್ಲಿ ಕನ್ನಡಿಯಂತೆ ತಿರುಗಿಸಿ ನೋಡಿ. ಹಿಂದೆ ಬರಹ ಇದ್ದರೆ, ಅಂಗಿಯ ಜೇಬು ಕಾಣುತ್ತಿದ್ದರೆ ಸಿಕ್ಕಿಬೀಳುತ್ತೀರಿ. ಇಲ್ಲವೇ ನಡುವೆ ಟೀ ಲೋಟದ್ದೋ ಫ್ಯಾನಿನದೋ ಒಂದು ಶಾಟ್ ಹಾಕಿ. ಕಣ್ಣು ಹಳೆಯ ದಿಕ್ಕನ್ನು ಮರೆಯುತ್ತದೆ.

ಮಿಣಮಿಣಕ್ಕೆ ಕಾರಣ ಕರೆಂಟು. ನಮ್ಮಲ್ಲಿ ವಿದ್ಯುತ್ತು 50 ಹರ್ಟ್ಸ್. ಟ್ಯೂಬ್‌ಲೈಟು, ಅಗ್ಗದ ಎಲ್‌ಇಡಿ ಸೆಕೆಂಡಿಗೆ 100 ಸಲ ಮಿನುಗುತ್ತವೆ. ಮೊಬೈಲು ತನ್ನಷ್ಟಕ್ಕೆ ಸೆಕೆಂಡಿಗೆ 30 ಫ್ರೇಮ್ (ಚಿತ್ರ), ಒಂದೊಂದಕ್ಕೂ 1/60 ಸೆಕೆಂಡಿನ ಶಟರ್ ಇಟ್ಟುಕೊಂಡಿರುತ್ತದೆ. ಎರಡಕ್ಕೂ ತಾಳ ಕೂಡುವುದಿಲ್ಲ. ಮ್ಯಾನುಯಲ್ ಮೋಡಿಗೆ ಹೋಗಿ ಶಟರನ್ನು 1/50ಕ್ಕೋ 1/100ಕ್ಕೋ ಕಟ್ಟಿಹಾಕಿ. ಫ್ರೇಮ್ ಟಿವಿಗಾದರೆ 25, ಸಿನಿಮಾಗಾದರೆ 24. ಎರಡನ್ನೂ ಒಂದೇ ಚಿತ್ರದಲ್ಲಿ ಬೆರೆಸಬೇಡಿ.

ಧಾರಾವಾಹಿ ಮಾಡಿದವರನ್ನು ಸಿನಿಮಾದವರು ಕೀಳಾಗಿ ಕಾಣುತ್ತಾರಂತೆ, ನಿಜವೇ?
*– ಓದುಗರು, ಮಂಡ್ಯ*

ಹಾಗೆ ಮಾತಾಡುವವರು ಇದ್ದಾರೆ. ನಮ್ಮ ಇತಿಹಾಸ ಮಾತ್ರ ಬೇರೆ ಹೇಳುತ್ತದೆ. ಶಂಕರ್‌ನಾಗ್ ಸಿನಿಮಾ ಕೈಯಲ್ಲಿರುವಾಗಲೇ ಆಗುಂಬೆಗೆ ಹೋಗಿ ‘ಮಾಲ್ಗುಡಿ ಡೇಸ್’ ತೆಗೆದರು. ಒಂದು ಊರನ್ನೇ ನೆಲೆ ಮಾಡಿಕೊಂಡು, ಅಲ್ಲಿನ ಮನೆ, ಬೀದಿಗಳನ್ನೇ ಕಥೆಯಿಂದ ಕಥೆಗೆ ಬಳಸಿಕೊಂಡದ್ದು ಕಲೆಯೂ ಹೌದು, ಖರ್ಚಿನ ಜಾಣತನವೂ ಹೌದು. 2006ರಲ್ಲಿ ಅದರ ಹೊಸ ಕಂತುಗಳನ್ನು ನಿರ್ದೇಶಿಸಿದ ಕವಿತಾ ಲಂಕೇಶ್ ಕೂಡ ಆ ಹೊತ್ತಿಗೆ ಸಿನಿಮಾದಲ್ಲಿ ಹೆಸರಾದವರೇ. ಟಿ.ಎನ್. ಸೀತಾರಾಂ ಜೊತೆ ‘ಮಾಯಾಮೃಗ’ ನಿರ್ದೇಶಿಸಿದ ಪಿ. ಶೇಷಾದ್ರಿ ಆಮೇಲೆ ಸಿನಿಮಾಗೆ ಬಂದು ಒಂದಾದ ಮೇಲೊಂದು ರಾಷ್ಟ್ರಪ್ರಶಸ್ತಿ ಪಡೆದರು. ಕಾಸರವಳ್ಳಿಯವರೂ ‘ಗೃಹಭಂಗ’ವನ್ನು ಧಾರಾವಾಹಿಯಾಗಿ ಮಾಡಿದ್ದಾರೆ.

ಆದರೆ ಧಾರಾವಾಹಿಯಿಂದ ಬಂದವರಿಗೆ ಒಂದು ಚಟ ಅಂಟಿರುತ್ತದೆ: ಎಲ್ಲವನ್ನೂ ಮಾತಿನಲ್ಲಿ ಹೇಳಿಬಿಡುವುದು. ಅಡುಗೆ ಮನೆಯಲ್ಲಿ ಕುಕ್ಕರ್ ಕೂಗುವಾಗಲೂ ಕಥೆ ತಿಳಿಯಲಿ ಅಂತ ಬರೆದು ಬರೆದು ಬಂದದ್ದು. ಸಿನಿಮಾ ಚಿತ್ರಕಥೆ ಬರೆಯುವಾಗ ಒಂದು ಸಲ ಸಂಭಾಷಣೆಯನ್ನೆಲ್ಲ ಮುಚ್ಚಿಟ್ಟು ಓದಿ. ಏನೂ ಅರ್ಥವಾಗದಿದ್ದರೆ ಅದಿನ್ನೂ ಧಾರಾವಾಹಿಯೇ.

ನನ್ನ ಕಥೆಯನ್ನು ನಿರ್ಮಾಪಕರಿಗೆ ಹೇಳಿದರೆ ಕದಿಯುತ್ತಾರೆಂಬ ಭಯ. ರಿಜಿಸ್ಟರ್ ಮಾಡಿಸಬಹುದೇ? ಸಿನಿಮಾ ಆದ ಮೇಲೆ ನಿರ್ದೇಶಕನಾಗಿ ನನಗೇನು ಹಕ್ಕು?
*– ಓದುಗರು, ರಾಯಚೂರು*

ಕಥೆಯ ಎಳೆಗೆ ರಕ್ಷಣೆ ಇಲ್ಲ, ಬರಹಕ್ಕೆ ಇದೆ. ‘ಬಡ ಹುಡುಗ, ಶ್ರೀಮಂತ ಹುಡುಗಿ’ ಯಾರ ಸ್ವತ್ತೂ ಅಲ್ಲ. ಒಂದು ನಾಟಕವನ್ನು ಸಿನಿಮಾದವರು ಕದ್ದರೆಂಬ ಆರ್.ಜಿ. ಆನಂದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1978ರಲ್ಲಿ ಇದನ್ನೇ ಹೇಳಿತು: ವಸ್ತು ಒಂದೇ ಆಗಿರಬಹುದು, ಅದನ್ನು ನಿರೂಪಿಸಿದ ರೀತಿ ನಕಲಾಗಿದ್ದರೆ ಮಾತ್ರ ಉಲ್ಲಂಘನೆ. ಹಾಗಾಗಿ ಬಾಯಲ್ಲಿ ಹೇಳುವ ಮುಂಚೆ ದೃಶ್ಯ ದೃಶ್ಯವಾಗಿ ಬರೆಯಿರಿ. ಬರೆದ ಕ್ಷಣವೇ ಹಕ್ಕು ಹುಟ್ಟುತ್ತದೆ. ಕಾಪಿರೈಟ್ ಕಚೇರಿಯ ನೋಂದಣಿ ಕಡ್ಡಾಯವಲ್ಲ, ಆದರೆ ತಕರಾರು ಬಂದಾಗ ಒಳ್ಳೆಯ ಸಾಕ್ಷಿ. ಸಾಹಿತ್ಯ ಕೃತಿಗೆ ಶುಲ್ಕ 500 ರೂಪಾಯಿ, ಅರ್ಜಿ ಆನ್‌ಲೈನ್, ಆಕ್ಷೇಪಣೆಗೆ 30 ದಿನ ಬಿಟ್ಟು ಮುಂದಿನ ಪರಿಶೀಲನೆ. ಕಥೆ ಕಳಿಸುವುದಾದರೆ ಇಮೇಲ್‌ನಲ್ಲಿ ಕಳಿಸಿ, ದಿನಾಂಕ ಉಳಿಯುತ್ತದೆ.

ಎರಡನೇ ಪ್ರಶ್ನೆಗೆ ಉತ್ತರ ಕಹಿ. ಕಾಪಿರೈಟ್ ಕಾಯ್ದೆಯ ಪ್ರಕಾರ ಸಿನಿಮಾದ ‘ಕರ್ತೃ’ ನಿರ್ಮಾಪಕ, ನಿರ್ದೇಶಕನಲ್ಲ. 2012ರ ತಿದ್ದುಪಡಿಯ ಸಮಯದಲ್ಲಿ ನಿರ್ದೇಶಕನನ್ನೂ ಜಂಟಿ ಕರ್ತೃ ಮಾಡುವ ಪ್ರಸ್ತಾಪವಿತ್ತು, ಕೊನೆಗೆ ಬಿಟ್ಟುಹೋಯಿತು. ಆದ್ದರಿಂದ ನಿರ್ದೇಶಕನ ಪಾಲು ಒಪ್ಪಂದದಲ್ಲಿ ಬರೆದಷ್ಟೇ. ಕಥೆ, ಚಿತ್ರಕಥೆ ನಿಮ್ಮದೇ ಆಗಿದ್ದರೆ ಅದಕ್ಕೆ ಬೇರೆ ಒಪ್ಪಂದ, ಬೇರೆ ಸಂಭಾವನೆ ಕೇಳಿ. ಎರಡನ್ನೂ ಒಂದೇ ಹಾಳೆಯಲ್ಲಿ ಸೇರಿಸಬೇಡಿ. ಹಕ್ಕು ಬಿಟ್ಟುಕೊಡುವ ಪತ್ರ ಲಿಖಿತವಾಗಿರಲೇಬೇಕು. ಅವಧಿ ಬರೆಯದಿದ್ದರೆ ಐದು ವರ್ಷ, ಪ್ರದೇಶ ಬರೆಯದಿದ್ದರೆ ಭಾರತ ಮಾತ್ರ ಎಂದು ಕಾಯ್ದೆಯೇ ಅರ್ಥ ಮಾಡಿಕೊಳ್ಳುತ್ತದೆ. ಕಥೆ ಕೊಂಡು ವರ್ಷವಾದರೂ ಬಳಸದಿದ್ದರೆ ಆ ಹಕ್ಕು ವಾಪಸ್, ಒಪ್ಪಂದ ಬೇರೆ ಹೇಳದಿದ್ದರೆ. ನಿರ್ಮಾಪಕರ ಕಡೆಯ ವಕೀಲರು ‘ಬೇರೆ’ ಹೇಳಿಯೇ ಇರುತ್ತಾರೆ, ಆ ಸಾಲನ್ನು ಹುಡುಕಿ ಓದಿ. ರಿಮೇಕ್, ಡಬ್ಬಿಂಗ್, ಒಟಿಟಿ ಒಂದೊಂದೂ ಹೆಸರು ಹಿಡಿದು ಇರಬೇಕು.

ಸಂಭಾವನೆ ಯಾವಾಗ ಕೇಳಬೇಕು?
*– ಓದುಗರು, ಮೈಸೂರು*

ಕುಂಬಳಕಾಯಿ ಒಡೆಯುವ, ಅಂದರೆ ಶೂಟಿಂಗ್ ಮುಗಿಯುವ ಮುಂಚೆ. ಸಿನಿಮಾದಲ್ಲಿ ಕಂತುಗಳನ್ನು ಕೆಲಸಕ್ಕೆ ಕಟ್ಟಿ: ಒಪ್ಪಂದದ ದಿನ ಒಂದು, ಮುಹೂರ್ತಕ್ಕೊಂದು, ಮಾತಿನ ಭಾಗ ಮುಗಿದಾಗ, ಡಬ್ಬಿಂಗ್ ಶುರುವಿಗೆ, ಫಸ್ಟ್ ಕಾಪಿಗೆ (ಎಲ್ಲ ಕೆಲಸ ಮುಗಿದ ಮೊದಲ ಪ್ರತಿ). ‘ಬಿಡುಗಡೆಯಾದ ಮೇಲೆ’ ಅನ್ನುವ ಕಂತಿಗೆ ಒಪ್ಪಬೇಡಿ, ಬಿಡುಗಡೆ ನಿಮ್ಮ ಕೈಯಲ್ಲಿಲ್ಲ. ಧಾರಾವಾಹಿಯಲ್ಲಿ ಸಂಚಿಕೆಗೆ ಇಷ್ಟು ಅಂತ ಲೆಕ್ಕವಾದರೆ, ಅದು ಶೂಟ್ ಆದ ಸಂಚಿಕೆಗೋ ಪ್ರಸಾರವಾದದ್ದಕ್ಕೋ ಅಂತ ಬರೆಸಿಕೊಳ್ಳಿ. ಧಾರಾವಾಹಿ ನಡುವೆಯೇ ನಿಂತರೆ ಬ್ಯಾಂಕ್‌ನಲ್ಲಿದ್ದ ಸಂಚಿಕೆಗಳ ದುಡ್ಡಿಗೆ ಜಗಳ ಬೀಳುವುದು ಇಲ್ಲೇ.

ಸೆನ್ಸಾರ್ ಧಾರಾವಾಹಿಗೂ ಇದೆಯೇ?
*– ಓದುಗರು, ಕಾರವಾರ*

ಇಲ್ಲ. ಧಾರಾವಾಹಿಗೆ 1995ರ ಕೇಬಲ್ ಟಿವಿ ಕಾಯ್ದೆಯ ಕಾರ್ಯಕ್ರಮ ಸಂಹಿತೆ ಅನ್ವಯ. ಪ್ರಸಾರಕ್ಕೆ ಮುಂಚೆ ನೋಡುವುದು ಚಾನೆಲ್‌ನ ಸ್ವಂತ ತಂಡ. ಸಿನಿಮಾಗೆ ಪ್ರಮಾಣಪತ್ರ ಬೇಕು. 2023ರ ತಿದ್ದುಪಡಿಯಿಂದ ಯು/ಎ ಒಳಗೆ 7, 13, 16 ವರ್ಷ ಅಂತ ಮೂರು ಮೆಟ್ಟಿಲು ಬಂದಿವೆ. ‘ಎ’ (ವಯಸ್ಕರಿಗೆ ಮಾತ್ರ) ಸಿಕ್ಕರೆ ಟಿವಿ ಹಕ್ಕು ಮಾರುವ ಮುಂಚೆ ಕತ್ತರಿಸಿ ಮತ್ತೆ ಪ್ರಮಾಣಪತ್ರ ಪಡೆಯಬೇಕಾಗುತ್ತದೆ. ಅದಕ್ಕೇ ರಕ್ತದ ದೃಶ್ಯಗಳಿಗೆ ಶೂಟಿಂಗ್‌ನಲ್ಲೇ ಇನ್ನೊಂದು ಮೃದುವಾದ ಶಾಟ್ ತೆಗೆದಿಟ್ಟುಕೊಳ್ಳಿ.

ಹವ್ಯಾಸಿ ತಂಡದಲ್ಲಿ ನಾಟಕ ಮಾಡಿಸುತ್ತೇನೆ. ವಯಸ್ಸು 38, ಹೆಂಗಸು. ತಡವಾಯಿತೇ?
*– ಓದುಗರು, ಧಾರವಾಡ*

ಪ್ರೇಮಾ ಕಾರಂತರು ರಂಗಭೂಮಿಯಲ್ಲಿ ಪಳಗಿದ ಮೇಲೆ ‘ಫಣಿಯಮ್ಮ’ ನಿರ್ದೇಶಿಸಿದಾಗ ನಲವತ್ತು ದಾಟಿದ್ದರು. ನಟರಿಂದ ಕೆಲಸ ತೆಗೆಯುವುದು ನಿಮಗೆ ಗೊತ್ತಿದೆ. ಕಲಿಯಬೇಕಾದ್ದು ಲೆನ್ಸು ಮತ್ತು ಕತ್ತರಿ. ರಂಗದ ಮೇಲೆ ಕೊನೆಯ ಸಾಲಿಗೆ ಕೇಳುವಂತೆ ಮಾಡಿಸಿದ್ದನ್ನು ಕ್ಯಾಮೆರಾ ಮುಂದೆ ಅರ್ಧಕ್ಕೆ ಇಳಿಸಬೇಕು, ಕ್ಲೋಸಪ್ಪಿಗೆ ಅದರಲ್ಲೂ ಅರ್ಧ.

ಮುಖ್ಯ ಕಲಾವಿದರೊಬ್ಬರು ಏಕಾಏಕಿ ಧಾರಾವಾಹಿ ಬಿಟ್ಟರೆ ನಿರ್ದೇಶಕರು ಏನು ಮಾಡುತ್ತಾರೆ?
*– ಓದುಗರು, ದಾವಣಗೆರೆ*

ಮೊದಲು ಬ್ಯಾಂಕ್ ಎಣಿಸುತ್ತಾರೆ. ನಾಲ್ಕು ಸಂಚಿಕೆ ಇದ್ದರೆ ಹೊಸಬರನ್ನು ಹುಡುಕಲು ಹೆಚ್ಚುಕಡಿಮೆ ನಾಲ್ಕು ದಿನ. ಅಷ್ಟರೊಳಗೆ ಆಗದಿದ್ದರೆ ಪಾತ್ರ ‘ಆಫೀಸ್ ಕೆಲಸದ ಮೇಲೆ ಮುಂಬೈಗೆ’ ಹೋಗುತ್ತದೆ, ಮನೆಯವರೆಲ್ಲ ಫೋನ್ ಕಿವಿಗಿಟ್ಟು ಒಂದೇ ಕಡೆಯ ಮಾತಾಡುತ್ತಾರೆ. ಬೆನ್ನು ಕಾಣುವಂತೆ ಬೇರೆಯವರನ್ನು ನಿಲ್ಲಿಸುವುದೂ ಉಂಟು. ಎತ್ತರ, ಕೂದಲು ಹೊಂದಬೇಕು. ಅನುಭವಿಗಳು ಮುಂಚೆಯೇ ಒಂದು ಕೆಲಸ ಮಾಡಿಟ್ಟಿರುತ್ತಾರೆ: ಲೈಟ್ ಸಿದ್ಧವಾಗಿರುವಾಗ ಹತ್ತು ನಿಮಿಷ ಹೆಚ್ಚಿಗೆ ಕೇಳಿ, ಪ್ರತಿ ಮುಖ್ಯ ಪಾತ್ರದ ಕ್ಲೋಸಪ್‌ಗಳನ್ನು ಬರಿಯ ಗೋಡೆಯ ಮುಂದೆ ತೆಗೆದಿಡುವುದು. ಎಡಕ್ಕೆ ನೋಡಿ ಒಂದು, ಬಲಕ್ಕೆ ಒಂದು, ತಲೆ ತಗ್ಗಿಸಿ ಒಂದು, ಫೋನ್ ಕೇಳಿಸಿಕೊಳ್ಳುತ್ತಾ ಒಂದು. ಹೆಚ್ಚು ಬಳಸುವ ಎರಡು ಮೂರು ಬಟ್ಟೆಯಲ್ಲಿ. ಬಿಟ್ಟುಹೋದವರ ಹಳೆಯ ಶಾಟನ್ನು ಹೊಸ ಸಂಚಿಕೆಗೆ ಬಳಸಬಹುದೇ ಅನ್ನುವುದನ್ನು ಅವರ ಒಪ್ಪಂದದಲ್ಲಿ ನೋಡಿಕೊಂಡೇ ಎಡಿಟರ್ ಕೈಗೆ ಕೊಡಬೇಕು.